ಬೀಳುವುದನ್ನು ಬಲ್ಲ ನಟ

ವಾರಕ್ಕೆ 6 ಡಾಲರ್ ಸಂಬಳಕ್ಕೆ ಕುದುರೆ ಲಾಯದಲ್ಲಿ ದುಡಿಯುತ್ತಿದ್ದ ಹುಡುಗನನ್ನು ಯಾರೋ ಬಂದು, ದಿನಕ್ಕೆ 7 ಡಾಲರ್ ಕೊಡುತ್ತೇವೆ, ಮಧ್ಯಾಹ್ನದ ಊಟದ ಡಬ್ಬಿಯೂ ನಮ್ಮದೇ ಎಂದು ಕರೆದರೆ, ಹೊರಟು ನಿಲ್ಲಲು ಅವನಿಗೆ ಸಿನಿಮಾದ ಹುಚ್ಚೇನೂ ಇರಬೇಕಾಗಿಲ್ಲ. ಕೂಡಿ ಕಳೆಯಲು ಬಂದರೆ ಸಾಕು. 1937ರಲ್ಲಿ ಲಾಸ್ ಏಂಜಲೀಸ್‌ನ ಪೋಲೊ ಮೈದಾನದಲ್ಲಿ ಕುದುರೆಗಳ ಚಾಕರಿ ಮಾಡಿಕೊಂಡಿದ್ದ ರಿಚರ್ಡ್ ಫಾರ್ನ್ಸ್‌ವರ್ತ್ ಚಿತ್ರರಂಗಕ್ಕೆ ಬಂದದ್ದು ಹೀಗೆ. ಆಗ ಅವನಿಗೆ ಹದಿನಾರು ವರ್ಷ. ಏಳನೆಯ ವಯಸ್ಸಿಗೇ ತಂದೆ ತೀರಿಕೊಂಡಿದ್ದರು. ಇಡೀ ಅಮೆರಿಕ ಕೆಲಸವಿಲ್ಲದೆ ಕೈಕಟ್ಟಿ ಕೂತಿದ್ದ ದಶಕ ಅದು. ಮಾರ್ಕೊ ಪೋಲೊನ ಸಾಹಸಗಳ ಬಗ್ಗೆ ಗ್ಯಾರಿ ಕೂಪರ್ ನಾಯಕನಾಗಿದ್ದ ಚಿತ್ರವೊಂದು ತಯಾರಾಗುತ್ತಿತ್ತು. ಅದಕ್ಕೆ ಮಂಗೋಲ್ ಸವಾರರ ದಂಡು ಬೇಕಿತ್ತು. ಮುಖ ಮಂಗೋಲರಂತಿಲ್ಲ ಎಂಬುದು ಯಾರಿಗೂ ತೊಡಕಾಗಲಿಲ್ಲ. ದೂರದಿಂದ ತೆಗೆಯುವ ಶಾಟ್, ಕುದುರೆಯ ಮೇಲೆ ನೆಟ್ಟಗೆ ಕೂರಲು ಬಂದರೆ ಸರಿ.

ಅದೇ ಮನುಷ್ಯ 79ನೇ ವಯಸ್ಸಿನಲ್ಲಿ ಅತ್ಯುತ್ತಮ ನಟ ವಿಭಾಗದಲ್ಲಿ ಆಸ್ಕರ್‌ಗೆ ನಾಮನಿರ್ದೇಶನಗೊಂಡರು. ಆ ಕಾಲಕ್ಕೆ ಆ ವಿಭಾಗದಲ್ಲಿ ಅಷ್ಟು ವಯಸ್ಸಾದವರ ಹೆಸರು ಬಂದದ್ದು ಅದೇ ಮೊದಲು. ಈ ದಾಖಲೆ 2021ರಲ್ಲಿ 83ರ ಆಂಟನಿ ಹಾಪ್ಕಿನ್ಸ್ ಮುರಿಯುವವರೆಗೂ ಉಳಿದಿತ್ತು. ಫಾರ್ನ್ಸ್‌ವರ್ತ್ ಬಗ್ಗೆ ಬರೆಯುವವರೆಲ್ಲ ಈ ಎರಡು ತುದಿಗಳನ್ನು ಹಿಡಿದು, ನಡುವೆ ತೆರೆಮರೆಯಲ್ಲಿ ಕಳೆದ ನಲವತ್ತು ವರ್ಷಗಳಿಗೆ ಒಂದು ನಿಟ್ಟುಸಿರು ಬಿಟ್ಟು ಮುಂದೆ ಹೋಗುತ್ತಾರೆ. ಪಾಪ, ಇಂಥ ಪ್ರತಿಭೆಯನ್ನು ಅಷ್ಟು ಕಾಲ ಯಾರೂ ಗುರುತಿಸಲಿಲ್ಲವಲ್ಲ ಎಂಬ ಧಾಟಿ. ನನಗೆ ಈ ಕನಿಕರ ಒಪ್ಪಿಗೆಯಾಗುವುದಿಲ್ಲ. ಆ ನಲವತ್ತು ವರ್ಷ ಅವರು ಮೂಲೆಗುಂಪಾಗಿ ಕೂತಿರಲಿಲ್ಲ, ಕುದುರೆಯಿಂದ ಬೀಳುತ್ತಿದ್ದರು. ಮುಂದೆ ಅವರು ತೋರಿದ ಅಭಿನಯದ ಬಹುಪಾಲು ಅಲ್ಲಿ ಬಿದ್ದು ಕಲಿತದ್ದೇ ಎಂಬುದು ನನ್ನ ವಾದ.

ಅವರು ಕಾಣದಂತೆ ಕಾಣಿಸಿಕೊಂಡ ಚಿತ್ರಗಳ ಪಟ್ಟಿ ದೊಡ್ಡದು. ಮಾರ್ಕ್ಸ್ ಸಹೋದರರ ‘ಎ ಡೇ ಅಟ್ ದ ರೇಸಸ್’ನಲ್ಲಿ ಜಾಕಿ. ‘ಗಾನ್ ವಿತ್ ದ ವಿಂಡ್’ನಲ್ಲಿ ಸೈನಿಕ. ‘ದ ಟೆನ್ ಕಮಾಂಡ್‌ಮೆಂಟ್ಸ್’ನಲ್ಲಿ ಸಾರಥಿ, ‘ಸ್ಪಾರ್ಟಕಸ್’ನಲ್ಲಿ ಗುಲಾಮ. ಒಂದರಲ್ಲೂ ಟೈಟಲ್ ಕಾರ್ಡಿನಲ್ಲಿ ಹೆಸರಿಲ್ಲ. ಇದಲ್ಲದೆ ರಾಯ್ ರಾಜರ್ಸ್, ಹೆನ್ರಿ ಫೋಂಡಾ, ಮಾಂಟ್ಗೊಮರಿ ಕ್ಲಿಫ್ಟ್ ಮುಂತಾದ ತಾರೆಯರಿಗೆ ಡ್ಯೂಪ್ ಆಗಿ ಸವಾರಿ ಮಾಡಿದರು. ನಾಯಕನ ಟೋಪಿ, ನಾಯಕನ ಅಂಗಿ ತೊಟ್ಟು, ಕ್ಯಾಮೆರಾಕ್ಕೆ ಬೆನ್ನು ತೋರಿಸಿ ಕುದುರೆ ಓಡಿಸುವುದು, ಬೇಕಾದ ಕಡೆ ಬೀಳುವುದು, ಮಣ್ಣು ಕೊಡವಿಕೊಂಡು ಏಳುವುದು. ಆಮೇಲೆ ಅದೇ ಅಂಗಿಗೆ ಹದವಾಗಿ ಧೂಳು ಹಚ್ಚಿಸಿಕೊಂಡ ನಾಯಕ ಬಂದು ಕ್ಲೋಸಪ್ ಕೊಡುತ್ತಾನೆ.

ಕುದುರೆಯಿಂದ ಬೀಳುವುದು ಎಂದರೆ ಏನು ಎಂದು ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ಇಲ್ಲೇ ಕಸುಬಿನ ತಿರುಳಿದೆ. ಮೊದಲು ನೆಲ. ಬೀಳಬೇಕಾದ ಜಾಗವನ್ನು ಅಗೆದು, ಕಲ್ಲು ಆರಿಸಿ, ಸಡಿಲ ಮಣ್ಣೋ ಮರಳೋ ತುಂಬಿ, ಮೇಲೆ ಸುತ್ತಲಿನ ನೆಲದ ಬಣ್ಣವೇ ಬರುವಂತೆ ಮುಚ್ಚುತ್ತಾರೆ. ಆ ಮೆತ್ತನೆಯ ತುಂಡು ಒಂದು ಕೋಣೆಯಷ್ಟೂ ಇರುವುದಿಲ್ಲ. ನಾಗಾಲೋಟದಲ್ಲಿ ಬರುವ ಕುದುರೆಯನ್ನು ಅದರ ಮೇಲೆಯೇ ಬೀಳಿಸಬೇಕು. ಕ್ಯಾಮೆರಾದ ಫೋಕಸ್ ಇರುವುದೂ ಅಲ್ಲಿಗೇ. ನಾಲ್ಕು ಹೆಜ್ಜೆ ಮುಂಚೆ ಬಿದ್ದರೆ ಮೂಳೆ ಮುರಿಯುತ್ತದೆ, ನಾಲ್ಕು ಹೆಜ್ಜೆ ತಡವಾದರೆ ಶಾಟ್ ಹಾಳು. ಪಳಗಿಸಿದ ಕುದುರೆಯಾದರೆ ಸವಾರ ಲಗಾಮನ್ನು ಒಂದು ಬದಿಗೆ ಎಳೆದು ಅದರ ತಲೆ ತಿರುಗಿಸುತ್ತಾನೆ, ಅದು ಭುಜದ ಮೇಲೆ ಒರಗಿ ಉರುಳುತ್ತದೆ. ಅಷ್ಟರೊಳಗೆ ಅವನ ಕಾಲು ರಿಕಾಪಿನಿಂದ ಬಿಡಿಸಿಕೊಂಡಿರಬೇಕು. ಸಿಕ್ಕಿಕೊಂಡರೆ ಕುದುರೆ ಎದ್ದು ಓಡಿದ ಕಡೆಗೆಲ್ಲ ಇವನೂ ಎಳೆದುಕೊಂಡು ಹೋಗುತ್ತಾನೆ.

ರಿಕಾಪಿನ ಈ ತೊಂದರೆಗೆ ಪರಿಹಾರ ಕಂಡುಹಿಡಿದವರು ಯಾಕಿಮಾ ಕನಟ್. ಒಂದು ಬದಿ ತೆರೆದಿರುವ, ಕಾಲು ಸಲೀಸಾಗಿ ಜಾರುವ ರಿಕಾಪನ್ನು ಅವರು ಮಾಡಿಸಿದರು. ಹಾಲಿವುಡ್‌ನ ಸಾಹಸಕ್ಕೆ ಒಂದು ಶಾಸ್ತ್ರ ಅಂತ ಇದ್ದರೆ ಅದನ್ನು ಬರೆದವರು ಈ ಕನಟ್ ಎನ್ನಬಹುದು. ರೋಡಿಯೊ ಕಣದಲ್ಲಿ ವಿಶ್ವ ಚಾಂಪಿಯನ್ ಆಗಿದ್ದ ಅವರು ಮೂಕಿ ಚಿತ್ರಗಳ ಕಾಲದಲ್ಲೇ ಬಂದವರು. ಜಾನ್ ಫೋರ್ಡ್ ಅವರ ‘ಸ್ಟೇಜ್‌ಕೋಚ್’ (1939) ನೋಡಿದವರಿಗೆ ಆ ದೃಶ್ಯ ಮರೆತಿರಲಾರದು. ಬೆನ್ನಟ್ಟಿ ಬಂದ ಅಪಾಚೆ ಸವಾರನೊಬ್ಬ ತನ್ನ ಕುದುರೆಯಿಂದ ಸಾರೋಟಿನ ಮುಂಗುದುರೆಗಳ ಮೇಲಕ್ಕೆ ಜಿಗಿಯುತ್ತಾನೆ, ಗುಂಡು ತಗುಲಿ ಕುದುರೆಗಳ ನಡುವೆ ಜೋತುಬೀಳುತ್ತಾನೆ, ಕೈಬಿಡುತ್ತಾನೆ. ಕುದುರೆಗಳೂ ಸಾರೋಟೂ ಅವನ ಮೇಲೆಯೇ ಹಾದುಹೋಗುತ್ತವೆ. ಅದು ಕನಟ್. ಸ್ವಲ್ಪ ಹೊತ್ತಿಗೆ ಓಡುವ ಕುದುರೆಗಳ ಬೆನ್ನಿಂದ ಬೆನ್ನಿಗೆ ಹಾರುತ್ತ ಹೋಗುವ ನಾಯಕ ಜಾನ್ ವೇಯ್ನ್ ಕೂಡ ಕನಟ್ ಅವರೇ. ಗುಂಡು ಹೊಡೆದವನೂ ಅವರೇ, ಹೊಡೆಸಿಕೊಂಡವನೂ ಅವರೇ. ಹೀಗೆ ಒಂದೇ ಚಿತ್ರದಲ್ಲಿ ಎರಡೂ ಕಡೆಗೆ ದುಡಿಯುವ ಪಾಡು ನಮ್ಮ ಫೈಟರ್‌ಗಳಿಗೂ ಹೊಸದೇನಲ್ಲ ಬಿಡಿ. 1981ರ ‘ರೈಡರ್ಸ್ ಆಫ್ ದ ಲಾಸ್ಟ್ ಆರ್ಕ್’ನಲ್ಲಿ ಟ್ರಕ್ಕಿನ ಅಡಿಗೆ ನುಸುಳಿ ಎಳೆಸಿಕೊಳ್ಳುವ ದೃಶ್ಯ ಸಾರೋಟಿನಡಿಯ ಆ ಸಾಹಸಕ್ಕೇ ಸಲ್ಲಿಸಿದ ಗೌರವ.

ಮುಷ್ಟಿಯುದ್ಧದ ವಿದ್ಯೆಯೂ ಬಹುಮಟ್ಟಿಗೆ ಕನಟ್ ಮತ್ತು ವೇಯ್ನ್ ಸೇರಿ ಕಟ್ಟಿದ್ದು. ಅದಕ್ಕೆ ಮೊದಲು ಹೊಡೆದಾಟವೆಂದರೆ ಎದುರಾಳಿಯ ಭುಜಕ್ಕೆ ನಿಜವಾಗಿಯೇ ಗುದ್ದುವುದು, ನೋಡುವವರಿಗೆ ಅದು ಪೆಚ್ಚಾಗಿ ಕಾಣುವುದು. ಕ್ಯಾಮೆರಾವನ್ನು ಹೊಡೆಸಿಕೊಳ್ಳುವವನ ಹೆಗಲ ಹಿಂದೆ ಇಟ್ಟು, ಮುಷ್ಟಿ ಗಲ್ಲದ ಮುಂದೆ ಅಷ್ಟು ದೂರದಲ್ಲಿ ಹಾದುಹೋಗುವಂತೆ ಬೀಸಿದರೆ ಪೆಟ್ಟು ಬಿದ್ದಂತೆಯೇ ಕಾಣುತ್ತದೆ ಎಂದು ಇವರು ತೋರಿಸಿಕೊಟ್ಟರು. ಆದರೆ ಹೊಡೆಯುವವನಿಗಿಂತ ಹೊಡೆಸಿಕೊಳ್ಳುವವನ ಕೆಲಸ ಹೆಚ್ಚು. ಅವನ ಕತ್ತು ಸರಿಯಾದ ಗಳಿಗೆಯಲ್ಲಿ ತಿರುಗದಿದ್ದರೆ ಬೀಸಿದ ಮುಷ್ಟಿಗೆ ಅರ್ಥವೇ ಇಲ್ಲ. ಇಂದಿಗೂ ಜಗತ್ತಿನ ಎಲ್ಲ ಭಾಷೆಯ ಚಿತ್ರಗಳೂ ಇದೇ ಲೆಕ್ಕದ ಮೇಲೆ ನಡೆಯುತ್ತಿವೆ, ನಾವು ಸದ್ದು ಸ್ವಲ್ಪ ಜಾಸ್ತಿ ಸೇರಿಸುತ್ತೇವೆ.

ಕನಟ್ ಅವರ ಹೆಸರಿಗೆ ಒಂದು ಕಪ್ಪುಚುಕ್ಕೆಯೂ ಅಂಟಿದೆ. ಕುದುರೆಯ ಮುಂಗಾಲುಗಳಿಗೆ ತಂತಿ ಬಿಗಿದು, ಅದನ್ನು ಹೊಟ್ಟೆಪಟ್ಟಿಯ ಬಳೆಯ ಮೂಲಕ ಹಾಯಿಸಿ, ಇನ್ನೊಂದು ತುದಿಯನ್ನು ನೆಲದಲ್ಲಿ ಹೂತ ಗೂಟಕ್ಕೆ ಕಟ್ಟುವ ಪದ್ಧತಿಯೊಂದಿತ್ತು. ಕುದುರೆ ಓಡುತ್ತ ತಂತಿಯ ಉದ್ದ ಮುಗಿದ ಕೂಡಲೇ ಕಾಲು ಸೆಳೆದು ಮುಗ್ಗರಿಸಿ ಬೀಳುತ್ತಿತ್ತು. ಇದನ್ನು ಪಕ್ವಗೊಳಿಸಿದವರಲ್ಲಿ ಅವರೂ ಒಬ್ಬರು. 1936ರ ‘ದ ಚಾರ್ಜ್ ಆಫ್ ದ ಲೈಟ್ ಬ್ರಿಗೇಡ್’ ಚಿತ್ರೀಕರಣದಲ್ಲಿ ಹೀಗೆ ಬಿದ್ದ ಎಷ್ಟೋ ಕುದುರೆಗಳು ಸತ್ತವು. 1939ರ ‘ಜೆಸ್ಸಿ ಜೇಮ್ಸ್’ಗಾಗಿ ಕುದುರೆಯನ್ನು ಕಡಿದಾದ ಬಂಡೆಯ ಮೇಲಿಂದ ನೀರಿಗೆ ಕೆಡವಿ ಕೊಂದ ಮೇಲೆ ಜನ ಸಿಟ್ಟಿಗೆದ್ದರು. ಮರುವರ್ಷದಿಂದ ಪ್ರಾಣಿದಯಾ ಸಂಸ್ಥೆಯೊಂದು ಸೆಟ್ಟುಗಳ ಮೇಲೆ ಕಣ್ಣಿಡತೊಡಗಿತು. ತಂತಿಯ ಕಾಲ ಮುಗಿಯಿತು, ಪಳಗಿಸಿದ ಕುದುರೆಗಳ ಕಾಲ ಬಂತು. ಪೋಲೊ ಮೈದಾನದಲ್ಲಿ ಕುದುರೆಯ ಸ್ವಭಾವ ಓದಲು ಕಲಿತಿದ್ದ ಫಾರ್ನ್ಸ್‌ವರ್ತ್ ಅವರಂಥವರಿಗೆ ಬೆಲೆ ಬಂದದ್ದೂ ಈ ಕಾಲದಲ್ಲೇ. ಕುದುರೆಯನ್ನು ಕೆಡವುವುದು ಬೇರೆ, ಅದರ ಜೊತೆಗೂಡಿ ಬೀಳುವುದು ಬೇರೆ.

1959ರ ‘ಬೆನ್‌ಹರ್’ ರಥ ಓಟವನ್ನು ಆ್ಯಂಡ್ರೂ ಮಾರ್ಟನ್ ಜೊತೆ ಸೇರಿ ಚಿತ್ರೀಕರಿಸಿದವರೂ ಕನಟ್. ಅದರಲ್ಲಿ ಚಾರ್ಲ್ಟನ್ ಹೆಸ್ಟನ್‌ಗೆ ಡ್ಯೂಪ್ ಆಗಿದ್ದವನು ಅವರ ಸ್ವಂತ ಮಗ ಜೋ. ಒಡೆದು ಬಿದ್ದ ರಥದ ಮೇಲೆ ಹಾರುವಾಗ ಜೋ ಆಯತಪ್ಪಿ ಮುಂದಕ್ಕೆ ಚಿಮ್ಮಿ ಬಿದ್ದ. ಗಲ್ಲ ಸೀಳಿದ್ದು ಬಿಟ್ಟರೆ ಬದುಕಿಕೊಂಡ. ಸ್ಕ್ರಿಪ್ಟಿನಲ್ಲಿ ಇರದ ಆ ಅಪಘಾತವನ್ನು ಚಿತ್ರದಲ್ಲಿ ಉಳಿಸಿಕೊಂಡು, ಹೆಸ್ಟನ್ ಮತ್ತೆ ರಥಕ್ಕೆ ಹತ್ತುವ ಶಾಟ್ ಒಂದನ್ನು ಸೇರಿಸಿದರು. ನಾವು ಚಪ್ಪಾಳೆ ತಟ್ಟುವುದು ಆ ತಪ್ಪಿಗೇ. ಸಾಹಸ ಕಲಾವಿದರ ಸುರಕ್ಷತೆಗಾಗಿ ಮಾಡಿದ ಕೆಲಸಕ್ಕೆಂದು 1967ರ ಸಮಾರಂಭದಲ್ಲಿ ಕನಟ್‌ಗೆ ಗೌರವ ಆಸ್ಕರ್ ಕೊಟ್ಟರು.

1961ರಲ್ಲಿ ಸಾಹಸ ಕಲಾವಿದರ ಸಂಘ ಕಟ್ಟಿದವರಲ್ಲಿ ಫಾರ್ನ್ಸ್‌ವರ್ತ್ ಒಬ್ಬರು. ಅದು ಒಂದು ಬಗೆಯ ಗರಡಿಯೂ ಆಗಿತ್ತು, ಕೆಲಸ ಹಂಚುವ ಮನೆಯೂ ಆಗಿತ್ತು. ಈ ಕಸುಬಿನ ಸಂಭಾವನೆಯ ಪದ್ಧತಿಯೇ ಸ್ವಾರಸ್ಯಕರ. ದಿನಗೂಲಿ ಎಂಬುದು ಒಂದು, ಅದರ ಮೇಲೆ ಪ್ರತಿ ಸಾಹಸಕ್ಕೂ ಅದರ ಅಪಾಯ ನೋಡಿ ಬೇರೆ ಹಣ. ಎರಡನೆಯ ಟೇಕ್ ಬೇಕೆಂದರೆ ಎರಡನೆಯ ಸಲ ಹಣ ಕೊಡಬೇಕು. ಹಾಗಾಗಿ ಒಳ್ಳೆಯ ಸ್ಟಂಟ್‌ಮನ್ ಎಂದರೆ ಎಷ್ಟು ಎತ್ತರದಿಂದ ಬೀಳುತ್ತಾನೆ ಎಂಬುದಕ್ಕಿಂತ, ಮೊದಲ ಸಲಕ್ಕೇ ಹೇಳಿದ ಜಾಗದಲ್ಲಿ ಬೀಳುತ್ತಾನೆಯೇ ಎಂಬುದು ಮುಖ್ಯ. ನಿರ್ಮಾಪಕರ ದುಡ್ಡು ಉಳಿಸುವವನಿಗೆ ಮರುದಿನವೂ ಕರೆ ಬರುತ್ತದೆ.

ಡ್ಯೂಪ್ ಕೆಲಸದಿಂದ ಸಂಭಾಷಣೆಯ ಪಾತ್ರಕ್ಕೆ ದಾಟಿದವರು ಇರಲಿಲ್ಲವೆಂದಲ್ಲ. ಬೆನ್ ಜಾನ್ಸನ್ ಇದ್ದರು. ಒಕ್ಲಹೋಮದ ಈ ದನಗಾಹಿ 1940ರ ಹೊತ್ತಿಗೆ ಚಿತ್ರೀಕರಣಕ್ಕೆ ಬೇಕಾದ ಕುದುರೆಗಳನ್ನು ಹೊಡೆದುಕೊಂಡು ಹಾಲಿವುಡ್‌ಗೆ ಬಂದು ಅಲ್ಲೇ ಉಳಿದುಬಿಟ್ಟವರು. ‘ಫೋರ್ಟ್ ಅಪಾಚೆ’ ಸೆಟ್ಟಿನಲ್ಲಿ ಕುದುರೆಗಳು ಬೆದರಿ ಗಾಡಿಯನ್ನು ಎಳೆದುಕೊಂಡು ಓಡಿದಾಗ ಬೆನ್ನಟ್ಟಿ ನಿಲ್ಲಿಸಿ ಜೀವ ಉಳಿಸಿದರು, ಅದಕ್ಕೆ ಪ್ರತಿಯಾಗಿ ಜಾನ್ ಫೋರ್ಡ್ ಅವರನ್ನು ನಟನನ್ನಾಗಿ ಮಾಡಿದರು. 1953ರಲ್ಲಿ ಸಿನಿಮಾ ಬಿಟ್ಟು ಹೋಗಿ ರೋಡಿಯೊದಲ್ಲಿ ವಿಶ್ವ ಚಾಂಪಿಯನ್ ಆಗಿಯೂ ಬಂದರು. ‘ದ ಲಾಸ್ಟ್ ಪಿಕ್ಚರ್ ಶೋ’ (1971) ಚಿತ್ರದ ಪಾತ್ರವನ್ನು, ಇದರಲ್ಲಿ ಮಾತು ಜಾಸ್ತಿ ಎಂದು ಬೇಡವೆಂದರು. ಫೋರ್ಡ್ ಹೇಳಿ ಒಪ್ಪಿಸಿದ ಮೇಲೆ ಮಾಡಿದರು, ಪೋಷಕ ನಟನ ಆಸ್ಕರ್ ಪಡೆದರು. ಮಾತು ಜಾಸ್ತಿಯಾಯಿತು ಎಂದು ಪಾತ್ರ ತಿರಸ್ಕರಿಸಿದ ನಟ ನಮ್ಮ ಚಿತ್ರರಂಗದಲ್ಲಿ ಸಿಕ್ಕರೆ ಯಾರಾದರೂ ನನಗೆ ತಿಳಿಸಬೇಕು.

ಫಾರ್ನ್ಸ್‌ವರ್ತ್ ದಾಟಿದ್ದು ಇನ್ನೂ ನಿಧಾನ. ಅಲ್ಲೊಂದು ಸಾಲು, ಇಲ್ಲೊಂದು ಸಾಲು. ‘ದ ಕೌಬಾಯ್ಸ್’ (1972) ಚಿತ್ರದ ಕಳ್ಳರ ಗುಂಪಿನಲ್ಲಿ ಒಬ್ಬ, ಟಿವಿ ಸರಣಿಗಳಲ್ಲಿ ಬಂದುಹೋಗುವ ಮುಖ. 1978ರಲ್ಲಿ ಆ್ಯಲನ್ ಪಕುಲ ನಿರ್ದೇಶನದ ‘ಕಮ್ಸ್ ಎ ಹಾರ್ಸ್‌ಮನ್’ನಲ್ಲಿ ಡಾಜರ್ ಎಂಬ ಮುದಿ ಆಳಿನ ಪಾತ್ರ ಸಿಕ್ಕಿತು. ನಾಯಕಿ ಜೇನ್ ಫೋಂಡಾ. ಯಾವ ಹೆನ್ರಿ ಫೋಂಡಾ ಅವರ ಬದಲಿಗೆ ಕುದುರೆ ಓಡಿಸಿದ್ದರೋ ಅವರ ಮಗಳ ಎದುರಿಗೆ ನಿಂತು ಈಗ ಇವರು ಮುಖ ತೋರಿಸಿ ಮಾತಾಡಬೇಕು. ದೊಡ್ಡ ಜಮೀನ್ದಾರನ ಕಣ್ಣು ಬಿದ್ದ ಸಣ್ಣ ರಾಂಚ್ ಒಂದನ್ನು ಉಳಿಸಿಕೊಳ್ಳಲು ಹೆಣಗುವ ಹೆಣ್ಣಿನ ಕಥೆ ಅದು. ಡಾಜರ್ ಅವಳ ಮನೆಯವನೇ ಆಗಿಹೋದವನು. ಬೇಲಿ ಕಟ್ಟುವಾಗ, ದನ ಹೊಡೆಯುವಾಗ ಅವನ ಕೈಗಳನ್ನು ನೋಡಬೇಕು. ಕೆಲಸ ಮಾಡುವಂತೆ ನಟಿಸುವವರ ಕೈ ಕೆಲಸವನ್ನು ತೋರಿಸುತ್ತದೆ, ಡಾಜರ್‌ನ ಕೈ ಕೆಲಸ ಮುಗಿಸುತ್ತದೆ. ಪೋಷಕ ನಟ ವಿಭಾಗದಲ್ಲಿ ಅವರು ಆಸ್ಕರ್‌ಗೆ ನಾಮನಿರ್ದೇಶನಗೊಂಡರು. ಆಗ ಅವರಿಗೆ 58. ಪ್ರಶಸ್ತಿ ‘ದ ಡೀರ್ ಹಂಟರ್’ನ ಕ್ರಿಸ್ಟೊಫರ್ ವಾಕನ್‌ಗೆ ಹೋಯಿತು.

‘ಕಮ್ಸ್ ಎ ಹಾರ್ಸ್‌ಮನ್’ನ ಚಿತ್ರೀಕರಣದಲ್ಲೇ ಜಿಮ್ ಶೆಪರ್ಡ್ ಎಂಬ ಸ್ಟಂಟ್‌ಮನ್ ಸತ್ತರು. ಜಮೀನ್ದಾರನ ಪಾತ್ರದ ಜೇಸನ್ ರೋಬಾರ್ಡ್ಸ್‌ಗೆ ಡ್ಯೂಪ್ ಅವರು. ರಿಕಾಪಿಗೆ ಕಾಲು ಸಿಕ್ಕಿ ಕುದುರೆ ಎಳೆದೊಯ್ಯುವ ದೃಶ್ಯ. ಕುದುರೆ ಅಂದುಕೊಂಡ ದಾರಿ ಬಿಟ್ಟು ವಾಲಿತು, ತಲೆ ಬೇಲಿಯ ಕಂಬಕ್ಕೆ ಬಡಿಯಿತು. ಆ ಶಾಟ್ ಚಿತ್ರದಲ್ಲಿ ಇದೆ, ಪೆಟ್ಟು ಬೀಳುವ ಮುಂಚಿನ ಚೌಕಟ್ಟಿಗೆ ಕತ್ತರಿಸಿದ್ದಾರೆ. ಒಂದೇ ಕಸುಬಿನ ಇಬ್ಬರು, ಒಂದೇ ಚಿತ್ರ. ಒಬ್ಬರಿಗೆ ಅಲ್ಲಿಂದ ಹೊಸ ಬಾಳು ಶುರುವಾಯಿತು, ಇನ್ನೊಬ್ಬರ ಬಾಳು ಅಲ್ಲಿಗೆ ಮುಗಿಯಿತು. ಫಾರ್ನ್ಸ್‌ವರ್ತ್ ಅವರದನ್ನು ಪರಿಶ್ರಮಕ್ಕೆ ಸಂದ ಫಲವೆಂದು ಕೊಂಡಾಡುವವರು ಶೆಪರ್ಡ್ ಅವರ ಪರಿಶ್ರಮ ಏನು ಕಡಿಮೆಯಿತ್ತು ಎಂದೂ ಹೇಳಬೇಕಾಗುತ್ತದೆ.

ಕನ್ನಡದವರಿಗೆ ಇಲ್ಲಿ 2016ರ ನವೆಂಬರ್ 7 ನೆನಪಾಗದಿರದು. ‘ಮಾಸ್ತಿಗುಡಿ’ ಚಿತ್ರದ ಕ್ಲೈಮ್ಯಾಕ್ಸಿಗೆಂದು ಹೆಲಿಕಾಪ್ಟರ್‌ನಿಂದ ತಿಪ್ಪಗೊಂಡನಹಳ್ಳಿ ಜಲಾಶಯಕ್ಕೆ ಧುಮುಕಿದ ಅನಿಲ್ ಮತ್ತು ಉದಯ್ ಮೇಲೆ ಬರಲಿಲ್ಲ. ಇಬ್ಬರೂ ಖಳನ ಪಾತ್ರಗಳಲ್ಲಿ ಆಗಷ್ಟೇ ಹೆಸರು ಮಾಡುತ್ತಿದ್ದ ಕಟ್ಟುಮಸ್ತಾದ ಹುಡುಗರು, ಮೈಮೇಲೆ ಜೀವರಕ್ಷಕ ಜಾಕೆಟ್ ಇರಲಿಲ್ಲ. ಈಜು ಸರಿಯಾಗಿ ಬಾರದೆಂದು ಅವರೇ ಟಿವಿಯವರ ಮುಂದೆ ಹೇಳಿದ್ದರು. ಅಲ್ಲಿ ನಿಜವಾದ ಸಾಹಸ ಕಸುಬುದಾರರು ಮಾಡುವ ಮೊದಲ ಕೆಲಸವೇ ಆಗಿರಲಿಲ್ಲ: ಬೀಳುವ ಜಾಗವನ್ನು ಸಿದ್ಧ ಮಾಡುವುದು. ‘ಡ್ಯೂಪ್ ಬಳಸದೆ ಸಾಹಸ ಮಾಡಿದ ನಟ’ ಎಂದು ನಾವು ಪತ್ರಿಕೆಯವರು ಇಂದಿಗೂ ಮೆಚ್ಚುಗೆಯಿಂದ ತಲೆಬರಹ ಕೊಡುತ್ತೇವೆ. ಅದು ನಟನ ಹೊಗಳಿಕೆಯೆಂದು ನಮಗೆ ಅನ್ನಿಸುತ್ತದೆ. ಬೀಳುವುದನ್ನು ಕಲಿತು ಬಂದ ಕಸುಬುದಾರನೊಬ್ಬನ ಅನ್ನ ಕಳೆದೆವು, ಬಾರದವನನ್ನು ಅಪಾಯಕ್ಕೆ ನೂಕಿದೆವು ಎಂದು ಅದನ್ನೇ ಓದಿಕೊಳ್ಳಲೂಬಹುದು.

ಫಾರ್ನ್ಸ್‌ವರ್ತ್ ಅವರಿಗೆ ಬರುತ್ತೇನೆ. 1982ರಲ್ಲಿ ಕೆನಡಾದ ಫಿಲಿಪ್ ಬೋರ್ಸೋಸ್ ತಮ್ಮ ಮೊದಲ ಕಥಾಚಿತ್ರ ‘ದ ಗ್ರೇ ಫಾಕ್ಸ್’ಗೆ ಇವರನ್ನು ನಾಯಕನನ್ನಾಗಿ ಆರಿಸಿದರು. ಬಿಲ್ ಮೈನರ್ ಎಂಬ ನಿಜದ ದರೋಡೆಕಾರನ ಕಥೆ. ಸಾರೋಟುಗಳನ್ನು ತಡೆದು ದೋಚುತ್ತಿದ್ದ ಮೈನರ್, ದೋಚುವಾಗಲೂ ಸೌಜನ್ಯ ಬಿಡದ ಕಳ್ಳನೆಂದು ಹೆಸರಾದವನು. ಸ್ಯಾನ್ ಕ್ವೆಂಟಿನ್ ಜೈಲಿನಿಂದ 1901ರಲ್ಲಿ ಹೊರಬರುವಷ್ಟರಲ್ಲಿ ಕಾಲ ಬದಲಾಗಿಹೋಗಿದೆ. ದೋಚಲು ಸಾರೋಟುಗಳೇ ಇಲ್ಲ. ಏನು ಮಾಡಲೂ ತೋಚದೆ ಒಂದು ಸಂಜೆ ಸಿನಿಮಾ ನೋಡಲು ಹೋಗುತ್ತಾನೆ. ಪರದೆಯ ಮೇಲೆ ‘ದ ಗ್ರೇಟ್ ಟ್ರೇನ್ ರಾಬರಿ’. ಓಹೋ, ಈಗ ರೈಲು ದೋಚಬೇಕು ಎಂದು ಮುದುಕನಿಗೆ ಹೊಳೆಯುತ್ತದೆ. ಆ ಗಳಿಗೆಯಲ್ಲಿ ಪರದೆಯ ಬೆಳಕು ಮುಖದ ಮೇಲೆ ಆಡುತ್ತಿರುವಾಗ ಫಾರ್ನ್ಸ್‌ವರ್ತ್ ಮಾಡುವುದು ಬಹಳ ಸ್ವಲ್ಪ. ನೀಲಿ ಕಣ್ಣು ತುಸು ಅರಳುತ್ತದೆ, ಮೀಸೆಯಡಿ ಏನೋ ಸಣ್ಣಗೆ ಕದಲುತ್ತದೆ. ಅಷ್ಟರಲ್ಲಿ ಇಡೀ ಯೋಜನೆ ನಮಗೂ ಗೊತ್ತಾಗಿಬಿಡುತ್ತದೆ.

ಈ ಮಿತವ್ಯಯ ಎಲ್ಲಿಂದ ಬಂತು? ಗರಡಿಯಲ್ಲಿ ಹಣ್ಣಾದ ಮೈಸೂರಿನ ಹಳೆಯ ಪೈಲ್ವಾನರು ಬೀದಿಯಲ್ಲಿ ನಡೆಯುವುದನ್ನು ನೋಡಿದವರಿಗೆ ಇದು ಅರ್ಥವಾಗುತ್ತದೆ. ಅವರು ಒಂದು ಹೆಜ್ಜೆಯನ್ನೂ ಸುಮ್ಮನೆ ಇಡುವುದಿಲ್ಲ. ದೇಹದ ಯಾವ ಚಲನೆಗೆ ಎಷ್ಟು ಬೆಲೆ ತೆರಬೇಕೆಂದು ಪೆಟ್ಟು ತಿಂದು ಗೊತ್ತು ಮಾಡಿಕೊಂಡವರು ಅನಗತ್ಯವಾಗಿ ಕೈ ಎತ್ತುವುದಿಲ್ಲ. ರಂಗಭೂಮಿಯಿಂದ ಬಂದ ನಟ ಕೊನೆಯ ಸಾಲಿನ ಪ್ರೇಕ್ಷಕನಿಗೆ ಕಾಣುವಂತೆ ಮಾಡಲು ಕಲಿತಿರುತ್ತಾನೆ. ಫಾರ್ನ್ಸ್‌ವರ್ತ್ ಕಲಿತದ್ದು ಅದಕ್ಕೆ ನೇರ ವಿರುದ್ಧವಾದದ್ದು: ತಾನು ಬೇರೆಯವನೆಂದು ಯಾರಿಗೂ ಗೊತ್ತಾಗದಂತೆ ಇರುವುದು. ಅತಿ ಮಾಡಿದರೆ ಡ್ಯೂಪ್ ಸಿಕ್ಕಿಬೀಳುತ್ತಾನೆ. ಜೊತೆಗೆ ಇನ್ನೊಬ್ಬ ನಟನ ನಡಿಗೆ, ಅವನು ಜೀನಿನ ಮೇಲೆ ಕೂರುವ ರೀತಿ, ಟೋಪಿ ಸರಿಪಡಿಸಿಕೊಳ್ಳುವ ಬಗೆ ಎಲ್ಲವನ್ನೂ ನೋಡಿ ನೋಡಿ ಮೈಗೆ ಹತ್ತಿಸಿಕೊಳ್ಳಬೇಕು. ನಟನಾ ಶಾಲೆಗಳು ಹಣ ಕಟ್ಟಿಸಿಕೊಂಡು ಕಲಿಸುವುದೂ ಬಹುಪಾಲು ಇದನ್ನೇ. ಮಾತಿನ ಬಗ್ಗೆ ಅವರಿಗೆ ಅಳುಕಿದ್ದದ್ದು ನಿಜ. ಆದರೆ ಆ ಅಳುಕೇ ಪಾತ್ರಗಳಿಗೆ ಒಪ್ಪಿತು. ಅವರ ಮುದುಕರು ಬಾಯಿ ತೆರೆಯುವ ಮುಂಚೆ ಒಂದು ಗಳಿಗೆ ತಡೆಯುತ್ತಾರೆ, ಹೇಳಬೇಕೋ ಬೇಡವೋ ಎಂದು ತೂಗಿದಂತೆ.

‘ದ ಗ್ರೇ ಫಾಕ್ಸ್’ಗೆ ಕೆನಡಾದ ಜೀನಿ ಪ್ರಶಸ್ತಿ ಬಂತು. ಅಲ್ಲಿಂದ ಮುಂದಿನ ಹತ್ತು ವರ್ಷ ಕೆಲಸಕ್ಕೆ ಬರವಿರಲಿಲ್ಲ. ‘ದ ನ್ಯಾಚುರಲ್’ನಲ್ಲಿ ಬೇಸ್‌ಬಾಲ್ ಕೋಚ್, ಕೆನಡಾ ಟಿವಿಯ ‘ಆ್ಯನ್ ಆಫ್ ಗ್ರೀನ್ ಗೇಬಲ್ಸ್’ನಲ್ಲಿ ಅನಾಥ ಹುಡುಗಿಯನ್ನು ಮನೆಗೆ ಕರೆತರುವ ನಾಚಿಕೆಯ ಮುದುಕ ಮ್ಯಾಥ್ಯೂ. ನಮ್ಮಲ್ಲಿ ಹೆಚ್ಚು ಜನ ಅವರನ್ನು ಕಂಡಿರುವುದು ‘ಮಿಸರಿ’ಯಲ್ಲಿ (1990). ಹಿಮದಲ್ಲಿ ಕಾಣೆಯಾದ ಲೇಖಕನನ್ನು ಹುಡುಕುವ ಬಸ್ಟರ್ ಎಂಬ ಶೆರಿಫ್ ಅವರೇ. ಆ ಲೇಖಕನಾದ ಜೇಮ್ಸ್ ಕಾನ್, ‘ಕಮ್ಸ್ ಎ ಹಾರ್ಸ್‌ಮನ್’ನಲ್ಲಿ ಅವರ ಜೊತೆ ನಟಿಸಿದ್ದವರು. ಕೊನೆಗೂ ಬಸ್ಟರ್ ಸರಿಯಾದ ಮನೆಯ ಬಾಗಿಲಿಗೆ ಬಂದ ಎಂದು ನಮಗೆ ಜೀವ ಬರುವ ಹೊತ್ತಿಗೆ ಹಿಂದಿನಿಂದ ಗುಂಡು ಹಾರುತ್ತದೆ. ಚಿತ್ರದಲ್ಲಿ ನನಗೆ ನಿಜಕ್ಕೂ ಹೊಟ್ಟೆ ಕಿವುಚಿದ್ದು ಅಲ್ಲಿ. ಎಲ್ಲರೂ ಹೇಳುವ ಕಾಲು ಮುರಿಯುವ ದೃಶ್ಯದಲ್ಲಲ್ಲ.

1947ರಿಂದ ಜೊತೆಗಿದ್ದ ಹೆಂಡತಿ ಮ್ಯಾಗಿ 1985ರಲ್ಲಿ ತೀರಿಕೊಂಡಿದ್ದರು. ಮಗ ಡೈಮಂಡ್ ಅಪ್ಪನ ದಾರಿ ಹಿಡಿದು ಸ್ಟಂಟ್ ಕಲಾವಿದನಾಗಿ, ಮುಂದೆ ಸಾಹಸ ನಿರ್ದೇಶಕನಾದ. ತೊಂಬತ್ತರ ದಶಕದಲ್ಲಿ ಫಾರ್ನ್ಸ್‌ವರ್ತ್ ಹೆಚ್ಚುಕಡಿಮೆ ನಿವೃತ್ತರಾಗಿ ನ್ಯೂ ಮೆಕ್ಸಿಕೊದ ಲಿಂಕನ್‌ನ ತಮ್ಮ ರಾಂಚ್ ಸೇರಿಕೊಂಡಿದ್ದರು. ಅಲ್ಲಿಗೆ ಡೇವಿಡ್ ಲಿಂಚ್ ಅವರ ಕರೆ ಬಂತು.

ದುಃಸ್ವಪ್ನದಂಥ ವಿಚಿತ್ರ ಚಿತ್ರಗಳಿಗೆ ಹೆಸರಾದ ಲಿಂಚ್ ಕೈಗೆತ್ತಿಕೊಂಡದ್ದು ತೀರ ಸರಳವಾದ ನಿಜಕಥೆ. ಅಯೋವಾ ರಾಜ್ಯದ ಲಾರೆನ್ಸ್ ಎಂಬ ಊರಿನ ಆಲ್ವಿನ್ ಸ್ಟ್ರೈಟ್‌ಗೆ 1994ರಲ್ಲಿ 73 ವರ್ಷ. ಕಣ್ಣು ಮಂದ, ಸೊಂಟ ಸರಿಯಿಲ್ಲ, ಹಾಗಾಗಿ ಕಾರು ಓಡಿಸುವ ಲೈಸೆನ್ಸ್ ಇಲ್ಲ. ವಿಸ್ಕಾನ್ಸಿನ್‌ನಲ್ಲಿದ್ದ ಅಣ್ಣನಿಗೆ ಪಾರ್ಶ್ವವಾಯು ಬಡಿದ ಸುದ್ದಿ ಬರುತ್ತದೆ. ಆಲ್ವಿನ್ ಹುಲ್ಲು ಕತ್ತರಿಸುವ ಪುಟ್ಟ ಯಂತ್ರಕ್ಕೆ ಒಂದು ಗಾಡಿ ಕಟ್ಟಿಕೊಂಡು, ಗಂಟೆಗೆ ಸುಮಾರು 8 ಕಿ.ಮೀ. ವೇಗದಲ್ಲಿ, 240 ಮೈಲಿ ದೂರವನ್ನು ಆರು ವಾರಗಳಲ್ಲಿ ಕ್ರಮಿಸಿ ಅಣ್ಣನ ಮನೆ ಮುಟ್ಟಿದ. ‘ದ ಸ್ಟ್ರೈಟ್ ಸ್ಟೋರಿ’ (1999) ಇಷ್ಟೇ. ಆಲ್ವಿನ್ ಹೋದ ದಾರಿಯಲ್ಲೇ, ಕಥೆಯ ಅನುಕ್ರಮದಲ್ಲೇ ಚಿತ್ರೀಕರಿಸಿದರು. ಕ್ಯಾಮೆರಾ ಹಿಡಿದ ಫ್ರೆಡಿ ಫ್ರಾನ್ಸಿಸ್‌ಗೂ ಎಂಬತ್ತು ದಾಟಿತ್ತು. ನಿಜದ ಆಲ್ವಿನ್ ಚಿತ್ರ ಬರುವ ಮುಂಚೆಯೇ, 1996ರಲ್ಲಿ ತೀರಿಕೊಂಡಿದ್ದ.

ಆಲ್ವಿನ್ ಪಾತ್ರ ಎರಡು ಕೋಲೂರಿ ನಡೆಯುತ್ತದೆ. ಅದು ನಟನೆಯಾಗಿರಲಿಲ್ಲ. ಫಾರ್ನ್ಸ್‌ವರ್ತ್‌ಗೆ ಕ್ಯಾನ್ಸರ್ ಮೂಳೆಗೆ ಹಬ್ಬಿ ಕಾಲುಗಳ ಬಲ ಕುಂದುತ್ತಿತ್ತು, ನೋವಿನಲ್ಲೇ ಚಿತ್ರ ಮುಗಿಸಿದರು. ಹೀಗೆ ಹೇಳಿದ ಕೂಡಲೇ ಚಿತ್ರವನ್ನು ಕರುಣೆಯಿಂದ ನೋಡುವ ಅಪಾಯವಿದೆ. ಅದು ಬೇಡ, ಅಲ್ಲಿ ನೋಡಬೇಕಾದದ್ದು ಕಸುಬನ್ನೇ. ಆಲ್ವಿನ್ ಕುರ್ಚಿಯಿಂದ ಏಳುವುದನ್ನು ಗಮನಿಸಿ. ಮೊದಲು ಕೋಲು ಊರುವ ಜಾಗ ನೋಡಿಕೊಳ್ಳುತ್ತಾನೆ, ಆಮೇಲೆ ಭಾರ ಹಾಕುತ್ತಾನೆ, ಆಮೇಲೆ ಏಳುತ್ತಾನೆ. ಬೀಳುವವನು ನೆಲ ನೋಡುವ ಕ್ರಮ ಅದು. ಇನ್ನೊಂದು ದೃಶ್ಯದಲ್ಲಿ ಬಾರ್‌ನಲ್ಲಿ ಕೂತು ತನ್ನ ವಯಸ್ಸಿನವನೇ ಆದ ಮತ್ತೊಬ್ಬ ಮಾಜಿ ಸೈನಿಕನಿಗೆ ಯುದ್ಧಕಾಲದ ಒಂದು ತಪ್ಪನ್ನು ಹೇಳುತ್ತಾನೆ: ತಮ್ಮದೇ ಪಡೆಯವನನ್ನು ಗೊತ್ತಿಲ್ಲದೆ ಕೊಂದ ಕಥೆ. ದೇಹ ಅಲುಗುವುದಿಲ್ಲ, ದನಿ ಏರುವುದಿಲ್ಲ. ಎದುರಿಗಿದ್ದವನು ಕೇಳುತ್ತ ಕೂತಿರುತ್ತಾನೆ, ನಾವೂ. ಅದೊಂದು ದೃಶ್ಯಕ್ಕೆ ಆ ಸಾಲಿನ ಆಸ್ಕರ್ ಕೊಡಬಹುದಿತ್ತು. ಕೆವಿನ್ ಸ್ಪೇಸಿಗೆ ಕೊಟ್ಟರು.

2000ದ ಮಾರ್ಚ್‌ನಲ್ಲಿ ಆ ಸಮಾರಂಭ. ಅದೇ ವರ್ಷದ ಅಕ್ಟೋಬರ್ 6ರಂದು, ಕಾಯಿಲೆ ತಡೆಯಲಾಗದ ಹಂತ ಮುಟ್ಟಿದಾಗ, ಲಿಂಕನ್‌ನ ಮನೆಯಲ್ಲಿ ಫಾರ್ನ್ಸ್‌ವರ್ತ್ ತಾವೇ ಜೀವ ಕಳೆದುಕೊಂಡರು. 80 ತುಂಬಿ ಒಂದು ತಿಂಗಳಾಗಿತ್ತು.

ಸಾಹಸಕ್ಕೆಂದೇ ಒಂದು ಆಸ್ಕರ್ ಕೊಡುವುದಾಗಿ ಅಕಾಡೆಮಿ ಪ್ರಕಟಿಸಿದ್ದು 2025ರ ಏಪ್ರಿಲ್‌ನಲ್ಲಿ. 2027ರಲ್ಲಿ ಬಿಡುಗಡೆಯಾಗುವ ಚಿತ್ರಗಳಿಗೆ, 2028ರ ನೂರನೆಯ ಸಮಾರಂಭದಲ್ಲಿ ಅದು ಮೊದಲ ಸಲ ಸಲ್ಲಲಿದೆ. ಈ ವಿಷಯದಲ್ಲಿ ನಾವೇ ಮುಂದಿದ್ದೇವೆ. ಭಾರತದ ರಾಷ್ಟ್ರ ಚಲನಚಿತ್ರ ಪ್ರಶಸ್ತಿಯಲ್ಲಿ ಸಾಹಸ ನಿರ್ದೇಶನಕ್ಕೆ 2017ರಲ್ಲೇ ಜಾಗ ಸಿಕ್ಕಿತು, ಮಲಯಾಳದ ‘ಪುಲಿಮುರುಗನ್’ಗಾಗಿ ಪೀಟರ್ ಹೇನ್ ಮೊದಲಿಗರಾದರು. ಆಮೇಲಿನ ವರ್ಷಗಳಲ್ಲಿ ‘ಕೆ.ಜಿ.ಎಫ್’ನ ಎರಡೂ ಭಾಗಗಳು ಮತ್ತು ‘ಅವನೇ ಶ್ರೀಮನ್ನಾರಾಯಣ’ ಸೇರಿ ಮೂರು ಸಲ ಅದು ಕನ್ನಡ ಚಿತ್ರಗಳಿಗೆ ಬಂದಿದೆ. ಎರಡೂ ಕಡೆ ಪ್ರಶಸ್ತಿ ಸಾಹಸವನ್ನು ಹೆಣೆದವರಿಗೆ. ಅದರಲ್ಲಿ ಅನ್ಯಾಯವೇನೂ ಇಲ್ಲ, ಬೀಳುವ ಜಾಗ ಅಗೆಸುವ ಜವಾಬ್ದಾರಿ ಅವರದೇ. ಆದರೆ ಬಿದ್ದವನನ್ನು ಹೆಸರಿಟ್ಟು ಕರೆಯುವ ಪ್ರಶಸ್ತಿ ಇವೆರಡರಲ್ಲೂ ಇಲ್ಲ.

ಫಾರ್ನ್ಸ್‌ವರ್ತ್ ಅವರನ್ನು ನೋಡಬೇಕೆನ್ನುವವರಿಗೆ ನನ್ನ ಸಲಹೆ ಇಷ್ಟು. ‘ಮಿಸರಿ’ ಸುಲಭವಾಗಿ ಸಿಗುತ್ತದೆ, ಆದರೆ ಅದರಿಂದ ಶುರು ಮಾಡಬೇಡಿ. ಮೊದಲು ‘ದ ಗ್ರೇ ಫಾಕ್ಸ್’, ಆಮೇಲೆ ‘ದ ಸ್ಟ್ರೈಟ್ ಸ್ಟೋರಿ’. ಎರಡನ್ನೂ ರಾತ್ರಿ ಊಟ ಮುಗಿಸಿ, ಮೊಬೈಲ್ ಬೇರೆ ಕೋಣೆಯಲ್ಲಿಟ್ಟು ನೋಡಬೇಕು. ನಿಧಾನವಾಯಿತು ಎಂದು ಮೊದಲ ಇಪ್ಪತ್ತು ನಿಮಿಷ ಅನ್ನಿಸುತ್ತದೆ. ಹುಲ್ಲು ಕತ್ತರಿಸುವ ಯಂತ್ರದ ವೇಗಕ್ಕೆ ಕಣ್ಣು ಒಗ್ಗಿದ ಮೇಲೆ ಅನ್ನಿಸುವುದಿಲ್ಲ.